ನೇಣಿಗೇರಿದ ವಾದ್ಯಕ್ಕೆ ಬೆಳ್ಳಿಯ ಇನಾಮು

ಹೈದರಾಲಿಯ ಯುದ್ಧಗಳನ್ನು ಓದುತ್ತಿದ್ದಾಗ ಸಿಕ್ಕಿದ ಬೆಳ್ಳಿಯ ಬ್ಯಾಗ್‌ಪೈಪೊಂದು ಇನ್ನೂ ನನ್ನ ತಲೆಯಿಂದ ಇಳಿದಿಲ್ಲ.

1781ರ ಜುಲೈ 1. ನಾವು ಶಾಲೆಯಲ್ಲಿ ಪೋರ್ಟೊ ನೊವೊ ಎಂದು ಓದಿದ ತಮಿಳು ಕರಾವಳಿಯ ಪರಂಗಿಪೇಟೆ. ಹೈದರನ ಭಾರೀ ಸೇನೆಗೆ ಎದುರಾಗಿ ಬ್ರಿಟಿಷ್ ಸೇನಾಪತಿ ಸರ್ ಐರ್ ಕೂಟನ ಪಡೆ. ಅದರಲ್ಲಿ ಸ್ಕಾಟ್ಲೆಂಡಿನ ಗುಡ್ಡಗಾಡಿನವರ ಮ್ಯಾಕ್ಲಿಯಡ್ಸ್ ಹೈಲ್ಯಾಂಡರ್ಸ್ ದಂಡು. ಕಂಕುಳಲ್ಲಿ ತಿತ್ತಿ ಅಮುಕಿ ಊದುವ ಈ ವಾದ್ಯ ಯುದ್ಧಕ್ಕೆ ಯಾಕೆ ಎಂದು ಕೂಟ್ ಮೊದಲು ಮೂಗು ಮುರಿದಿದ್ದನಂತೆ. ಗುಂಡಿನ ಸದ್ದು ಏರಿದಷ್ಟೂ ಪೈಪರ್ ಜೋರಾಗಿ ಊದಿದ. ಮನಸೋತ ಕೂಟ್ ಬೆಳ್ಳಿಯ ಪೈಪು ಕೊಡಿಸುವುದಾಗಿ ರಣರಂಗದಲ್ಲೇ ಕೂಗಿ ಹೇಳಿದ. ಗೆದ್ದ ಮೇಲೆ ಮಾತಿನಂತೆ ದಂಡಿಗೆ 50 ಪೌಂಡು ಕೊಟ್ಟ. ಆ ದಿನ ಸೋತದ್ದು ಮೈಸೂರು.

ಅದಕ್ಕೆ 35 ವರ್ಷ ಹಿಂದೆ ಇದೇ ವಾದ್ಯ ಊದಿದ್ದಕ್ಕೆ ಒಬ್ಬನ ಕತ್ತಿಗೆ ಹಗ್ಗ ಬಿದ್ದಿತ್ತು. ಹೆಸರು ಜೇಮ್ಸ್ ರೀಡ್. 1745ರಲ್ಲಿ ಬ್ರಿಟನ್ನಿನ ದೊರೆಯ ವಿರುದ್ಧ, ಸಿಂಹಾಸನ ಕಳೆದುಕೊಂಡಿದ್ದ ಸ್ಟುವರ್ಟ್ ವಂಶದ ಪರವಾಗಿ ಸ್ಕಾಟರು ದಂಗೆಯೆದ್ದಾಗ ಅವರ ಪೈಪರ್ ಆಗಿದ್ದವನು, ಕಾರ್ಲೈಲ್ ಕೋಟೆ ಬಿದ್ದಾಗ ಸೆರೆಸಿಕ್ಕ. ತಾನು ಕತ್ತಿ ಹಿಡಿದಿಲ್ಲ, ಬಂದೂಕು ಮುಟ್ಟಿಲ್ಲ, ಊದಿದ್ದಷ್ಟೇ ಎಂದು ಯಾರ್ಕ್ ನ್ಯಾಯಾಲಯದಲ್ಲಿ ಬೇಡಿಕೊಂಡ. ಪಂಚರು ಕರುಣೆ ತೋರಿಸಿ ಎಂದರು. ಗುಡ್ಡಗಾಡಿನ ದಂಡು ಪೈಪರ್ ಇಲ್ಲದೆ ಹೆಜ್ಜೆ ಇಡುವುದೇ ಇಲ್ಲ, ಆದ್ದರಿಂದ ಬ್ಯಾಗ್‌ಪೈಪ್ ಯುದ್ಧದ ಆಯುಧವೇ ಎಂದಿತು ನ್ಯಾಯಪೀಠ. 1746ರ ನವೆಂಬರ್ 15ರಂದು ರೀಡ್‌ನನ್ನು ನೇಣಿಗೇರಿಸಿದರು.

ನನಗೆ ಸಿಟ್ಟು ಬರುವುದು ಇನ್ನೊಂದು ಸಂಗತಿಗೆ. ಪರಂಗಿಪೇಟೆಯಲ್ಲಿ ಇನಾಮು ಗಿಟ್ಟಿಸಿದ ದಂಡನ್ನು ಕಟ್ಟಿದ ಲಾರ್ಡ್ ಮ್ಯಾಕ್ಲಿಯಡ್ ಕೂಡ ಅದೇ ದಂಗೆಕೋರರಲ್ಲಿ ಒಬ್ಬ. ಅವನು ಅರ್ಲ್ ಒಬ್ಬನ ಮಗ. ತಪ್ಪೊಪ್ಪಿಕೊಂಡ, ಕ್ಷಮೆ ಸಿಕ್ಕಿತು, ಸ್ವೀಡನ್ನಿನ ಸೈನ್ಯದಲ್ಲಿ ದುಡಿದು ಮರಳಿ ಬಂದು ಅದೇ ದೊರೆತನಕ್ಕೆ ದಂಡು ಕಟ್ಟಿಕೊಟ್ಟ. ಕತ್ತಿ ಹಿಡಿದ ದೊಡ್ಡ ಮನೆಯವನು ಬದುಕಿದ. ಬರಿಗೈಯಲ್ಲಿ ಊದಿದವನು ಸತ್ತ.

ಸೋತ ಗುಡ್ಡಗಾಡಿನ ಹುಡುಗರನ್ನೇ ಸೇನೆಗೆ ಸೇರಿಸಿಕೊಂಡು ಸಾಮ್ರಾಜ್ಯದ ಯುದ್ಧಗಳಿಗೆ ಕಳಿಸಿದರು. ಅವರ ಹಿಂದೆಯೇ ಅವರ ಹಾಡೂ ಹೋಯಿತು. 1915ರಲ್ಲಿ ಫ್ರಾನ್ಸಿನ ಲೂಸ್‌ನಲ್ಲಿ ಡೇನಿಯಲ್ ಲೇಡ್ಲಾ ವಿಷಾನಿಲದ ನಡುವೆ ಕಂದಕದ ಮೇಲೆ ನಿಂತು ಊದಿ, ತತ್ತರಿಸಿದ್ದ ಸೈನಿಕರನ್ನು ಮುನ್ನುಗ್ಗಿಸಿದ. ಅವನಿಗೆ ವಿಕ್ಟೋರಿಯಾ ಕ್ರಾಸ್ ಸಿಕ್ಕಿತು.

ಬ್ರಿಟಿಷರು ಹೋದ ಮೇಲೂ ಆ ವಾದ್ಯ ನಮ್ಮ ಸೇನೆಯಲ್ಲಿ ಉಳಿದಿದೆ. ಜನವರಿ 29ರ ಸಂಜೆ ದೆಹಲಿಯ ವಿಜಯ ಚೌಕದ ಬೀಟಿಂಗ್ ರಿಟ್ರೀಟ್‌ನಲ್ಲಿ ಅದರ ದನಿ ಕೇಳಿದಾಗ, ಯಾರ್ಕ್‌ನಲ್ಲಿ ಸತ್ತ ಆ ಪೈಪರನನ್ನು ಒಮ್ಮೆ ನೆನೆಯಿರಿ.