ಅತ್ತೆಗೆ ಬೇರೆ, ಚಿಕ್ಕಮ್ಮನಿಗೆ ಬೇರೆ: ಹುಟ್ಟುಹಬ್ಬದ ಹಾರೈಕೆ ಬರೆಯುವ ಬಗೆ

ಹುಟ್ಟುಹಬ್ಬದ ಸಿದ್ಧ ಸಂದೇಶಗಳ ಪೈಕಿ ‘ಆಂಟಿ’ಯರಿಗೆಂದು ಮೀಸಲಾದವು ನೂರಾರು ಸಿಗುತ್ತವೆ. ಇಂಗ್ಲಿಷಿನಿಂದ ಕನ್ನಡಕ್ಕೆ ತಂದ ಈ ಸಾಲುಗಳಲ್ಲಿ ಒಂದು ಮಾತು ತಪ್ಪದೇ ಇರುತ್ತದೆ: ‘ನೀವು ನನಗೆ ಎರಡನೆಯ ತಾಯಿಯಿದ್ದಂತೆ’. ಕೇಳಲು ಹಿತವೆನಿಸುವ ಈ ಹೊಗಳಿಕೆಯನ್ನು ತಾಯಿಯ ತಂಗಿಗೆ ಕಳುಹಿಸಿದರೆ ಅದರಲ್ಲಿ ಹೊಸತೇನೂ ಇರುವುದಿಲ್ಲ. ಚಿಕ್ಕಮ್ಮ, ದೊಡ್ಡಮ್ಮ ಎಂಬ ಪದಗಳಲ್ಲಿಯೇ ಅಮ್ಮ ಇದ್ದಾಳೆ. ಉತ್ತರ ಕರ್ನಾಟಕದ ಚಿಗವ್ವ, ದೊಡ್ಡವ್ವರಲ್ಲಿಯೂ ಅವ್ವ ಇದ್ದಾಳೆ. ಇಂಗ್ಲಿಷ್ ಭಾಷಿಕರು ಉಪಮೆ ಹುಡುಕಿ ಹೇಳಬೇಕಾದುದನ್ನು ಕನ್ನಡಿಗರು ದಿನಕ್ಕೆ ಹತ್ತು ಬಾರಿ ಕೂಗಿ ಕರೆಯುವಾಗಲೇ ಹೇಳಿ ಮುಗಿಸಿರುತ್ತಾರೆ.

ತೊಡಕು ಇರುವುದು ‘ಆಂಟ್’ ಎಂಬ ಪದದಲ್ಲಿ. ಅದರ ಮೂಲ ಲ್ಯಾಟಿನ್ನಿನ ‘ಅಮಿತಾ’. ಅದರ ಅರ್ಥ ತಂದೆಯ ಸೋದರಿ ಮಾತ್ರ. ತಾಯಿಯ ಸೋದರಿಗೆ ಲ್ಯಾಟಿನ್ನಿನಲ್ಲಿ ‘ಮಾತೆರ್ತೆರಾ’ ಎಂಬ ಬೇರೆಯೇ ಪದವಿತ್ತು. ಹಳೆಯ ಇಂಗ್ಲಿಷಿನಲ್ಲಿಯೂ ಇಬ್ಬರಿಗೆ ಎರಡು ಪದಗಳಿದ್ದವು. ಕಾಲಕ್ರಮದಲ್ಲಿ ಅವೆಲ್ಲ ಅಳಿದು ಒಂದೇ ಪದ ಉಳಿಯಿತು. ಕನ್ನಡದಲ್ಲಿ ಹಾಗಾಗಿಲ್ಲ. ಇಲ್ಲಿ ತಾಯಿಯ ಅಕ್ಕತಂಗಿಯರೂ ತಂದೆಯ ಅಣ್ಣತಮ್ಮಂದಿರ ಹೆಂಡಿರೂ ಅಮ್ಮನ ಸಾಲಿಗೆ ಸೇರುತ್ತಾರೆ. ತಂದೆಯ ಅಕ್ಕತಂಗಿಯರೂ ಸೋದರಮಾವನ ಹೆಂಡತಿಯೂ ಅತ್ತೆಯರಾಗುತ್ತಾರೆ. ಮದುವೆಯಾದ ಬಳಿಕ ಗಂಡನ ತಾಯಿಯೂ ಹೆಂಡತಿಯ ತಾಯಿಯೂ ಅತ್ತೆಯೇ. ಸೋದರಮಾವ ಹಾಗೂ ಸೋದರತ್ತೆಯ ಮಕ್ಕಳೊಡನೆ ಸಂಬಂಧ ಬೆಳೆಸುವ ದಕ್ಷಿಣದ ಪದ್ಧತಿಗೂ ಈ ಪದವ್ಯವಸ್ಥೆಗೂ ಇರುವ ನಂಟನ್ನು ಇತಿಹಾಸಕಾರ ಥಾಮಸ್ ಟ್ರೌಟ್‌ಮನ್ 1981ರಲ್ಲಿ ಪ್ರಕಟವಾದ ‘ದ್ರಾವಿಡಿಯನ್ ಕಿನ್‌ಶಿಪ್’ ಗ್ರಂಥದಲ್ಲಿ ವಿಸ್ತಾರವಾಗಿ ಚರ್ಚಿಸಿದ್ದಾರೆ.

ರಾಜ್ಯದ ಒಳಗೇ ಕರೆಯುವ ಬಗೆ ಹಲವು. ಮರಾಠಿಯ ಒಡನಾಟವಿರುವ ಗಡಿ ಜಿಲ್ಲೆಗಳಲ್ಲಿ ಕಾಕು, ಮಾವಶಿ ಎಂಬ ಪದಗಳು ಬಳಕೆಯಲ್ಲಿವೆ. ತುಳು ಮನೆಗಳಲ್ಲಿ ಅತ್ತೆ ‘ಮಾಮಿ’. ಉರ್ದು ಮಾತನಾಡುವ ಮನೆಗಳಲ್ಲಿ ತಾಯಿಯ ಸೋದರಿ ‘ಖಾಲಾ’, ತಂದೆಯ ಸೋದರಿ ‘ಫುಫು’. ಇಷ್ಟೆಲ್ಲ ಇರುವಾಗ ನಗರದ ಮಕ್ಕಳು ತರಕಾರಿ ಅಂಗಡಿಯ ಅಪರಿಚಿತೆಯನ್ನೂ ತಾಯಿಯ ತಂಗಿಯನ್ನೂ ‘ಆಂಟಿ’ ಎಂದೇ ಕರೆಯುತ್ತಿದ್ದಾರೆ. ಹಾರೈಕೆಯ ಮೊದಲ ಪದವಾಗಿ ಇದು ತಕ್ಕುದಲ್ಲ. ಮನೆಯಲ್ಲಿ ಕರೆಯುವ ಹೆಸರೇ ಸಂದೇಶದ ಮೊದಲ ಪದವಾಗಬೇಕು.

ಏಕವಚನ, ಬಹುವಚನದ ಪ್ರಶ್ನೆ ಇದಕ್ಕಿಂತ ಸೂಕ್ಷ್ಮವಾದುದು. ಅನೇಕ ಮನೆಗಳಲ್ಲಿ ಚಿಕ್ಕಮ್ಮನಿಗೆ ಅಮ್ಮನಂತೆಯೇ ‘ನೀನು’, ಅತ್ತೆಗೆ ‘ನೀವು’. ಆದರೆ ಬರೆಯಲು ಕುಳಿತ ಕೂಡಲೇ ಎಲ್ಲರೂ ‘ತಮಗೆ’, ‘ತಮ್ಮ’ ಎಂದು ಏರುಧ್ವನಿಗೆ ಹೋಗುತ್ತಾರೆ. ಎತ್ತಿ ಆಡಿಸಿದ ಮಗು ಮೂವತ್ತು ವರ್ಷಗಳ ನಂತರ ‘ತಮಗೆ ಜನ್ಮದಿನದ ಹಾರ್ದಿಕ ಶುಭಾಶಯಗಳು’ ಎಂದು ಬರೆದರೆ ಚಿಕ್ಕಮ್ಮನಿಗೆ ಅದು ಬ್ಯಾಂಕಿನಿಂದ ಬಂದ ಸಂದೇಶದಂತೆಯೇ ಕಂಡೀತು.

ಯಾವ ದಿನ ಹಾರೈಸಬೇಕು?

ಜನನ ಮತ್ತು ಮರಣ ನೋಂದಣಿ ಅಧಿನಿಯಮ ಬಂದುದು 1969ರಲ್ಲಿ. ಅದಕ್ಕೂ ಮೊದಲು ಹಳ್ಳಿಯ ಮನೆಗಳಲ್ಲಿ ಹುಟ್ಟಿದ ಹೆಣ್ಣುಮಕ್ಕಳ ಜನ್ಮದಿನಾಂಕವನ್ನು ಬಹುತೇಕ ನಿರ್ಧರಿಸಿದವರು ಶಾಲೆಯ ಮುಖ್ಯೋಪಾಧ್ಯಾಯರು. ಶಾಲೆಗೆ ಸೇರಲು ಅನುಕೂಲವಾಗುವಂತೆ ಜೂನ್ 1 ಎಂದು ಬರೆಸಿಕೊಂಡವರು ಪ್ರತಿ ಕುಟುಂಬದಲ್ಲೂ ಒಬ್ಬಿಬ್ಬರು ಸಿಗುತ್ತಾರೆ. ಆಧಾರ್ ಚೀಟಿಯಲ್ಲಿ ಜನವರಿ 1 ಎಂದಿರುವವರೂ ಇದ್ದಾರೆ. ಫೇಸ್‌ಬುಕ್ ನೆನಪಿಸುವುದು ಈ ದಾಖಲೆಯ ದಿನವನ್ನು. ಆಕೆ ಮನಸ್ಸಿನಲ್ಲಿ ಇಟ್ಟುಕೊಂಡಿರುವುದು ‘ಗೌರಿ ಹಬ್ಬದ ಮಾರನೆಯ ದಿನ’ ಎಂಬಂಥ ಗುರುತನ್ನು. ಒಮ್ಮೆ ಕೇಳಿ ತಿಳಿದುಕೊಂಡು ಆ ದಿನ ಕರೆ ಮಾಡಿದವರು ಒಬ್ಬರಾದರೂ ಇದ್ದರೆ, ಜೂನ್ 1ರಂದು ಬಂದ ಐವತ್ತು ಸಂದೇಶಗಳಿಗಿಂತ ಆಕೆಗೆ ಅದೇ ಹೆಚ್ಚು.

ಚಾಂದ್ರಮಾನ ವರ್ಷದಲ್ಲಿ ಸುಮಾರು 354 ದಿನಗಳು. ಆದುದರಿಂದ ತಿಥಿಯ ಹುಟ್ಟುಹಬ್ಬ ಪ್ರತಿ ವರ್ಷ ಹನ್ನೊಂದು ದಿನಗಳಷ್ಟು ಹಿಂದೆ ಸರಿದು, ಅಧಿಕಮಾಸ ಬಂದಾಗ ಮತ್ತೆ ಮುಂದಕ್ಕೆ ಜಿಗಿಯುತ್ತದೆ. ಹತ್ತೊಂಬತ್ತು ವರ್ಷಗಳಿಗೊಮ್ಮೆ ಎರಡೂ ಲೆಕ್ಕಗಳು ಸರಿಹೊಂದುತ್ತವೆ. ಹೀಗಾಗಿ 57 ಮತ್ತು 76ನೆಯ ಹುಟ್ಟುಹಬ್ಬಗಳಲ್ಲಿ ತಿಥಿ, ದಿನಾಂಕ ಎರಡೂ ಸಾಮಾನ್ಯವಾಗಿ ಒಂದೇ ದಿನ, ಇಲ್ಲವೇ ಒಂದೆರಡು ದಿನಗಳ ಅಂತರದಲ್ಲಿ ಬರುತ್ತವೆ.

ಅರವತ್ತರ ಮಾತು ಬೇರೆ. ಸಂವತ್ಸರಗಳು ಅರವತ್ತು, ಅಷ್ಟೂ ಒಂದು ಸುತ್ತು ಮುಗಿದಾಗ ಹುಟ್ಟಿದ ಸಂವತ್ಸರವೇ ಮರಳಿ ಬರುತ್ತದೆ. 1965ರ ಯುಗಾದಿಗೆ ಆರಂಭವಾಗಿದ್ದ ವಿಶ್ವಾವಸು ಸಂವತ್ಸರ 2025ರ ಯುಗಾದಿಗೆ ಮರಳಿತು. ಈ ಸಂದರ್ಭದ ಷಷ್ಟ್ಯಬ್ದಿಪೂರ್ತಿ ಶಾಂತಿಯನ್ನು ವಾಡಿಕೆಯಲ್ಲಿ ಮಾಡುವುದು ಗಂಡನಿಗೆ ಅರವತ್ತು ತುಂಬಿದಾಗ. ಹೆಂಡತಿ ಪಕ್ಕದಲ್ಲಿ ಕುಳಿತಿರುತ್ತಾಳೆ. ಆಕೆಗೇ ಅರವತ್ತು ತುಂಬಿದ ದಿನ ಮನೆಯಲ್ಲಿ ಹೋಮವೂ ಇಲ್ಲ, ಊಟದ ಪಂಕ್ತಿಯೂ ಇಲ್ಲ. ಮದುವೆಯಾಗದೆ ಉಳಿದ ಸೋದರತ್ತೆಗಾಗಲಿ, ಗಂಡನನ್ನು ಕಳೆದುಕೊಂಡ ದೊಡ್ಡಮ್ಮನಿಗಾಗಲಿ ಪಕ್ಕದಲ್ಲಿ ಕುಳಿತುಕೊಳ್ಳುವ ಅವಕಾಶವೂ ಇರುವುದಿಲ್ಲ.

ಯಾರದೋ ಸಂದೇಶವನ್ನು ಓದದೆಯೇ ಮುಂದಕ್ಕೆ ದಾಟಿಸುವ ಅಭ್ಯಾಸ ಅತಿ ಹೆಚ್ಚು ನೋಯಿಸುವುದು ಇಲ್ಲಿಯೇ. ‘ದೀರ್ಘ ಸುಮಂಗಲಿಯಾಗಿ ಬಾಳಿ’, ‘ಅರಿಶಿನ ಕುಂಕುಮ ಸದಾ ಇರಲಿ’ ಎಂಬ ಸಾಲುಗಳು ಹೂವಿನ ಚಿತ್ರದೊಡನೆ ಒಬ್ಬರಿಂದೊಬ್ಬರಿಗೆ ಹೋಗುತ್ತಿರುತ್ತವೆ. ಅವು ಯಾರ ಕೈಗೆ ತಲುಪುತ್ತವೆ ಎಂಬುದನ್ನು ಕಳುಹಿಸುವವರು ಯೋಚಿಸುವುದಿಲ್ಲ. ಮನೆಯ ಎಲ್ಲ ಮಕ್ಕಳ ಹುಟ್ಟುಹಬ್ಬಕ್ಕೂ ಪಾಯಸ ಮಾಡಿ, ಆರತಿಯ ವೇಳೆಗೆ ‘ನೀವೇ ಎತ್ತಿ’ ಎಂದು ಅಡುಗೆಮನೆಗೆ ಸರಿದುಹೋಗುವ ದೊಡ್ಡಮ್ಮನನ್ನು ಕಂಡವರಿಗೆ ಇದನ್ನು ವಿವರಿಸಬೇಕಾಗಿಲ್ಲ. ಹುಟ್ಟುಹಬ್ಬಕ್ಕೆ ಮುತ್ತೈದೆತನದ ಷರತ್ತಿಲ್ಲ, ತಾಯ್ತನದ ಷರತ್ತೂ ಇಲ್ಲ. ಆಕೆ ಹುಟ್ಟಿದ್ದಾಳೆ ಎಂಬುದಷ್ಟೇ ಸಾಕು. ಹಬ್ಬಗಳ ನಡುವೆ ಇಂಥ ದಿನ ಬೇರೊಂದಿಲ್ಲ. ಅದನ್ನು ಎರವಲು ಸಾಲಿನಲ್ಲಿ ಕಳೆಯಬಾರದು.

ಕಿರಿಯರು ಹಿರಿಯರನ್ನು ಹರಸುವ ರೂಢಿ ಕನ್ನಡದಲ್ಲಿ ಇಲ್ಲವೆಂಬುದೂ ಗಮನಿಸತಕ್ಕ ಸಂಗತಿ. ‘ನೂರ್ಕಾಲ ಬಾಳು’ ಹಿರಿಯರ ಮಾತು. ಕಿರಿಯರದು ‘ದೇವರು ನಿಮಗೆ ಆರೋಗ್ಯ ಕೊಡಲಿ, ನಿಮ್ಮ ಆಶೀರ್ವಾದ ನಮ್ಮ ಮೇಲಿರಲಿ’ ಎಂಬ ಧಾಟಿ. ಇನ್ನು ‘ಜಯಂತಿಯ ಶುಭಾಶಯ’ ಎಂದು ಬರೆಯುವ ಅಚಾತುರ್ಯ ಬೇಡ. ಬಳಕೆಯಲ್ಲಿ ಜಯಂತಿ ದೇವರಿಗೆ ಮತ್ತು ಅಗಲಿದ ಮಹನೀಯರಿಗೆ.

ಹಾಗಾದರೆ ಬರೆಯುವುದೇನು?

ಆಕೆಗೂ ಬರೆಯುವವರಿಗೂ ಮಾತ್ರ ಗೊತ್ತಿರುವ ಒಂದು ಸಂಗತಿ ಇದ್ದರೆ ಸಾಕು. ವಿಶೇಷಣಗಳು ಬೇಕಾಗುವುದಿಲ್ಲ. ಅನೇಕ ಸಮುದಾಯಗಳಲ್ಲಿ ನಾಮಕರಣದ ದಿನ ಮಗುವಿನ ಕಿವಿಯಲ್ಲಿ ಹೆಸರು ಹೇಳುವ ಹಕ್ಕು ಸೋದರತ್ತೆಯದು. ಅಂಥ ಅತ್ತೆಗೆ ಹೀಗೆ ಬರೆಯಬಹುದು: ‘ಅತ್ತೆ, ನನ್ನನ್ನು ಹೆಸರು ಹಿಡಿದು ಮೊದಲು ಕರೆದವರು ನೀವು. ಆ ಹೆಸರಿನವಳು ಇಂದು ನಿಮಗೆ ನಮಸ್ಕರಿಸುತ್ತಿದ್ದಾಳೆ.’

ಚಿಕ್ಕಮ್ಮನಿಗಾದರೆ: ‘ಚಿಕ್ಕಮ್ಮ, ಎಸ್ಸೆಸ್ಸೆಲ್ಸಿ ಪರೀಕ್ಷೆಯ ದಿನಗಳಲ್ಲಿ ಬೆಳಗಿನ ಜಾವ ನಾಲ್ಕಕ್ಕೆ ಕಾಫಿ ಕೊಟ್ಟು, ನಿದ್ದೆಗಣ್ಣಲ್ಲೇ ಎದುರಿಗೆ ಕೂತಿರುತ್ತಿದ್ದೆ. ಇಂದು ನಿನ್ನ ಹುಟ್ಟುಹಬ್ಬ. ಇಂದಾದರೂ ಏಳು ಗಂಟೆಯವರೆಗೆ ಮಲಗು.’

ಧಾರವಾಡದ ಕಡೆಯ ಮನೆಯಾದರೆ ಗ್ರಾಂಥಿಕ ಭಾಷೆಯ ಹಂಗೇಕೆ? ‘ಚಿಗವ್ವಾ, ನೀ ಕಟ್ಟಿ ಕಳಿಸಿದ ಶೇಂಗಾ ಹೋಳಿಗಿ ಮುಗದಾವು. ಪಂಚಮಿಗೆ ಬರ್ತೀನಿ, ಆರಾಮ ಇರು.’ ಇದರಲ್ಲಿ ಶುಭಾಶಯ ಎಂಬ ಪದವೇ ಇಲ್ಲ. ಬೇಕಾಗಿಯೂ ಇಲ್ಲ.

ಉದ್ದದ ಚಿಂತೆಯೂ ಈಗಿಲ್ಲ. ಎಸ್ಸೆಮ್ಮೆಸ್ಸಿನ ಕಾಲದಲ್ಲಿ ಇಂಗ್ಲಿಷಿನಲ್ಲಾದರೆ ಒಂದು ಸಂದೇಶಕ್ಕೆ 160 ಅಕ್ಷರ, ಕನ್ನಡ ಲಿಪಿಯಲ್ಲಾದರೆ 70 ಮಾತ್ರ. ಒತ್ತು, ಗುಣಿತಗಳೂ ಪ್ರತ್ಯೇಕ ಲೆಕ್ಕ. ‘ಹುಟ್ಟುಹಬ್ಬದ ಹಾರ್ದಿಕ ಶುಭಾಶಯಗಳು’ ಎಂಬಷ್ಟಕ್ಕೇ 29 ಮುಗಿದುಹೋಗುತ್ತಿತ್ತು. ಕನ್ನಡವನ್ನು ಇಂಗ್ಲಿಷ್ ಅಕ್ಷರಗಳಲ್ಲಿ ಬರೆಯುವ ರೂಢಿ ಬೆಳೆದುದಕ್ಕೆ ಇದೂ ಒಂದು ಕಾರಣ. ವಾಟ್ಸ್‌ಆ್ಯಪ್ ಬಂದ ಮೇಲೆ ಆ ಬಿಗಿ ಸಡಿಲಿದೆ. ಓದು ಬಾರದ, ಇಲ್ಲವೇ ಕಣ್ಣು ಮಂಜಾದ ಹಿರಿಯರಿಗೆ ಧ್ವನಿ ಸಂದೇಶವೇ ಲೇಸು; ಅದನ್ನು ಆಕೆ ಮೊಮ್ಮಕ್ಕಳ ಕೈಯಲ್ಲಿ ಮತ್ತೆ ಮತ್ತೆ ಹಾಕಿಸಿ ಕೇಳಬಹುದು. ಪ್ರತಿಯಾಗಿ ಧನ್ಯವಾದದ ಬದಲು ‘ಊಟ ಆಯ್ತಾ?’ ಎಂಬ ಪ್ರಶ್ನೆ ಬರುವ ಸಂಭವವೇ ಹೆಚ್ಚು. ಅದಕ್ಕೆ ಮರುಕ್ಷಣವೇ ಉತ್ತರ ಕೊಡುವುದು ಒಳ್ಳೆಯದು. ತಡವಾದರೆ ಆಕೆ ಆಗಿಲ್ಲವೆಂದೇ ತಿಳಿಯುತ್ತಾಳೆ.