ಕ್ಷಾಮವು ಸುದ್ದಿಯಾದಾಗ

ಸಮೂಹ ಮಾಧ್ಯಮಗಳು ಜನಾಭಿಪ್ರಾಯವನ್ನು ರೂಪಿಸುತ್ತವೆ ಎಂದಾಗ ಅವು ಜನರ ನಿಲುವನ್ನೇ ಬದಲಿಸುತ್ತವೆ ಎಂದು ಭಾವಿಸುವುದುಂಟು. ಆದರೆ ಯಾವ ಸಂಗತಿಯನ್ನು ಸಮಾಜವು ತನ್ನ ಸಮಸ್ಯೆಯೆಂದು ಎಣಿಸಬೇಕು, ಯಾವುದನ್ನು ಗಮನಿಸದೆ ಬಿಡಬಹುದು ಎಂಬುದನ್ನು ಗೊತ್ತುಪಡಿಸುವುದರಲ್ಲಿಯೇ ಅವುಗಳ ನಿಜವಾದ ಬಲವಿದೆ. ಅಮೆರಿಕದ ಮ್ಯಾಕ್ಸ್‌ವೆಲ್ ಮೆಕೂಂಬ್ಸ್ ಮತ್ತು ಡೊನಾಲ್ಡ್ ಶಾ ಅವರು 1968ರ ಅಧ್ಯಕ್ಷೀಯ ಚುನಾವಣೆಯ ಹೊತ್ತಿಗೆ ಚಾಪೆಲ್ ಹಿಲ್ ಪಟ್ಟಣದಲ್ಲಿ ಯಾರಿಗೆ ಮತ ನೀಡಬೇಕೆಂದು ಇನ್ನೂ ತೀರ್ಮಾನಿಸದ 100 ಮತದಾರರನ್ನು ಮಾತನಾಡಿಸಿ, ಅವರು ಮುಖ್ಯವೆಂದು ಹೇಳಿದ ಸಮಸ್ಯೆಗಳ ಕ್ರಮವು ಸುದ್ದಿಗಳಲ್ಲಿ ದೊರೆತ ಪ್ರಾಮುಖ್ಯದ ಕ್ರಮಕ್ಕೆ ಬಹುಮಟ್ಟಿಗೆ ಹೊಂದುತ್ತಿತ್ತೆಂದು ತೋರಿಸಿದರು. ಮಾಧ್ಯಮಗಳ ಈ ಬಗೆಯ ಪ್ರಭಾವವನ್ನು ವಿದ್ವಾಂಸರು ‘ಕಾರ್ಯಸೂಚಿ ನಿರ್ಧಾರ’ವೆಂದು ಕರೆಯುತ್ತಾರೆ.

ಆ ಪ್ರಭಾವದ ಮೇಲೆ ಜನರ ಜೀವವೇ ನಿಂತಿದ್ದ ಸಂದರ್ಭವೊಂದು 1943ರ ಬಂಗಾಳದಲ್ಲಿ ಒದಗಿತು. ಬರ್ಮಾ ಜಪಾನೀಯರ ವಶವಾಗಿ ಅಲ್ಲಿಂದ ಬರುತ್ತಿದ್ದ ಅಕ್ಕಿ ನಿಂತುಹೋಗಿತ್ತು. ಯುದ್ಧದ ಖರ್ಚಿನಿಂದ ಬೆಲೆಗಳು ಕೂಲಿಗಿಂತ ಬಹಳ ವೇಗವಾಗಿ ಏರಿ, ಭೂಮಿಯಿಲ್ಲದ ಕೂಲಿಕಾರರೂ ಮೀನುಗಾರರೂ ಅಕ್ಕಿ ಕೊಳ್ಳಲಾಗದೆ ಹಳ್ಳಿಗಳಲ್ಲಿ ಸಾಯತೊಡಗಿದ್ದರು. ಕ್ಷಾಮ ಸಂಹಿತೆ, ಅಂದರೆ ಕ್ಷಾಮ ತಲೆದೋರಿದಾಗ ಆಡಳಿತ ಮಾಡಲೇಬೇಕಾದ ಪರಿಹಾರ ಕಾರ್ಯಗಳ ನಿಯಮಾವಳಿ, ಆಗಲೂ ಜಾರಿಯಲ್ಲಿತ್ತು. ಆದರೆ ಅದರಂತೆ ಕ್ಷಾಮವನ್ನು ಘೋಷಿಸಿದರೆ ಪರಿಹಾರದ ಹೊಣೆಯನ್ನೂ ಹೊರಬೇಕಾಗುತ್ತಿದ್ದುದರಿಂದ ಸರ್ಕಾರ ಘೋಷಣೆಯನ್ನೇ ಮಾಡಲಿಲ್ಲ. ಕೊರತೆಯಿದ್ದದ್ದು ಮಾಹಿತಿಗಲ್ಲ, ಏಕೆಂದರೆ ಹಸಿದವರು ನಡೆದು ಬಂದು ಕಲ್ಕತ್ತೆಯ ಬೀದಿಗಳಲ್ಲಿಯೇ ಬೀಳುತ್ತಿದ್ದರು. ಅದನ್ನು ಸಾರ್ವಜನಿಕ ಪ್ರಶ್ನೆಯಾಗಿಸುವ ದನಿಯನ್ನು ಯುದ್ಧಕಾಲದ ನಿರ್ಬಂಧಗಳು ಅಡಗಿಸಿದ್ದವು.

ಬ್ರಿಟಿಷ್ ಒಡೆತನದ ‘ದಿ ಸ್ಟೇಟ್ಸ್‌ಮನ್’ ಪತ್ರಿಕೆಯ ಸಂಪಾದಕ ಇಯಾನ್ ಸ್ಟೀಫನ್ಸ್ ಅವರು 1943ರ ಆಗಸ್ಟ್ 22ರಂದು ಆ ಬೀದಿಗಳ ಛಾಯಾಚಿತ್ರಗಳನ್ನು ಪ್ರಕಟಿಸಿದರು. ಒಂದೇ ಚಿತ್ರದಲ್ಲಿ ಒಬ್ಬರು ವಿಧಿಯನ್ನು ಕಾಣಬಹುದು, ಮತ್ತೊಬ್ಬರು ಕಾಳಸಂತೆಯವರ ದುರಾಸೆಯನ್ನು, ಇನ್ನೊಬ್ಬರು ಆಡಳಿತದ ವೈಫಲ್ಯವನ್ನು. ಸಂಗತಿಯೊಂದನ್ನು ಇಂತಹ ಒಂದು ನಿರ್ದಿಷ್ಟ ಅರ್ಥದ ಚೌಕಟ್ಟಿನಲ್ಲಿಟ್ಟು ತೋರಿಸುವುದು ಮಾಧ್ಯಮಗಳ ಎರಡನೆಯ ಶಕ್ತಿ. ಸ್ಟೀಫನ್ಸ್ ಅವರ ಸಂಪಾದಕೀಯಗಳು ಕ್ಷಾಮವನ್ನು ಮೂರನೆಯ ಚೌಕಟ್ಟಿನಲ್ಲಿಟ್ಟು, ಅದುವರೆಗೆ ಪ್ರಕೃತಿಯ ತಲೆಗೆ ಕಟ್ಟಬಹುದಾಗಿದ್ದ ಸಾವುಗಳಿಗೆ ಉತ್ತರದಾಯಿಗಳಿದ್ದಾರೆಂದು ಹೇಳಿದವು. ಚರ್ಚೆ ದೆಹಲಿಯನ್ನೂ ಲಂಡನ್ನನ್ನೂ ತಲುಪಿತು. ಅಕ್ಟೋಬರಿನಲ್ಲಿ ವೈಸರಾಯ್ ಆದ ವೇವೆಲ್ ಕೂಡಲೇ ಕಲ್ಕತ್ತೆಗೆ ಬಂದು ಪರಿಹಾರಕ್ಕೆ ಸೈನ್ಯವನ್ನು ತೊಡಗಿಸಿದರು. ಸುಮಾರು 30 ಲಕ್ಷ ಜನರನ್ನು ಬಲಿತೆಗೆದುಕೊಂಡಿತೆಂದು ಅರ್ಥಶಾಸ್ತ್ರಜ್ಞ ಅಮರ್ತ್ಯ ಸೇನ್ ಅಂದಾಜಿಸಿದ ಕ್ಷಾಮದಲ್ಲಿ ಇದು ಬಹಳ ತಡವಾಗಿ ಬಂದ ನೆರವು, ಆ ವಿಳಂಬವನ್ನು ಕ್ಷಮಿಸಲಾಗದು.

ಸ್ವತಂತ್ರ ಪತ್ರಿಕೆಗಳಿರುವ ಪ್ರಜಾಪ್ರಭುತ್ವದಲ್ಲಿ ದೊಡ್ಡ ಕ್ಷಾಮ ಸಂಭವಿಸಿಲ್ಲವೆಂಬ ಸೇನ್ ಅವರ ವಾದ ಪ್ರಸಿದ್ಧವಾಗಿದೆ. ಅಷ್ಟೇ ಮುಖ್ಯವಾದ ಅವರ ಇನ್ನೊಂದು ಮಾತು ಅಷ್ಟಾಗಿ ಪ್ರಚಾರ ಪಡೆದಿಲ್ಲ: ಹಠಾತ್ತನೆ ಬಂದೆರಗುವ ಹಸಿವು ಸುದ್ದಿಯಾಗುವಷ್ಟು ಸುಲಭವಾಗಿ, ಮಕ್ಕಳನ್ನು ವರ್ಷಗಟ್ಟಲೆ ಸೊರಗಿಸುವ ಅಪೌಷ್ಟಿಕತೆ ಸುದ್ದಿಯಾಗುವುದಿಲ್ಲ. ಇಂತಹ ದಿನ ನಡೆಯಿತೆಂದು ತೋರಿಸಬಹುದಾದ ಘಟನೆ ಅದರಲ್ಲಿಲ್ಲ. ಆದ್ದರಿಂದ ಮುಖಪುಟದಲ್ಲಿ ಅದಕ್ಕೆ ಎಡೆ ದೊರೆಯುವುದು ವಿರಳ, ಚುನಾವಣೆಯಲ್ಲಿ ಅದಕ್ಕಾಗಿ ಸರ್ಕಾರಗಳು ಸೋಲುವುದು ಇನ್ನೂ ವಿರಳ.