ಬೆಳ್ಳಿಯ ಅಕ್ಷರಗಳಲ್ಲಿ ಉಳಿದ ಗೋಥರ ನುಡಿ

ಸ್ವೀಡನ್ ದೇಶದ ಉಪ್ಸಾಲಾ ವಿಶ್ವವಿದ್ಯಾಲಯದ ಗ್ರಂಥಾಲಯದಲ್ಲಿ ಒಂದು ಅಪೂರ್ವ ಹಸ್ತಪ್ರತಿ ಇದೆ. ನೇರಳೆ ಬಣ್ಣ ಕಟ್ಟಿದ ತೆಳುವಾದ ಚರ್ಮದ ಹಾಳೆಗಳು. ಅವುಗಳ ಮೇಲೆ ಬೆಳ್ಳಿಯ ಶಾಯಿಯಲ್ಲಿ, ಅಲ್ಲಲ್ಲಿ ಚಿನ್ನದ ಶಾಯಿಯಲ್ಲಿ, ಮುತ್ತು ಪೋಣಿಸಿದಂತೆ ಬರೆದ ಅಕ್ಷರಗಳು. ಸುಮಾರು ಸಾವಿರದ ಐನೂರು ವರ್ಷ ಹಳೆಯದಾದ ಈ ಬೈಬಲ್ ಪ್ರತಿಗೆ 'ಕೋಡೆಕ್ಸ್ ಅರ್ಜೆಂಟಿಯಸ್', ಅಂದರೆ 'ಬೆಳ್ಳಿಯ ಗ್ರಂಥ' ಎಂದು ಹೆಸರು. 1995ರ ಏಪ್ರಿಲ್‌ನಲ್ಲಿ ಪ್ರದರ್ಶನಕ್ಕೆ ಇಟ್ಟಿದ್ದ ಇದರ ಹಾಳೆಗಳನ್ನು ಕಳ್ಳರು ಹೊತ್ತೊಯ್ದಾಗ ಇಡೀ ವಿದ್ವತ್ ಲೋಕವೇ ಕಂಗಾಲಾಯಿತು. ಒಂದು ತಿಂಗಳ ನಂತರ ಅವು ಸ್ಟಾಕ್‌ಹೋಮ್ ರೈಲು ನಿಲ್ದಾಣದ ಸಾಮಾನು ಪೆಟ್ಟಿಗೆಯೊಂದರಲ್ಲಿ ಪತ್ತೆಯಾದವು!

ಕೆಲವು ಹಾಳೆಗಳಿಗಾಗಿ ಇಷ್ಟೊಂದು ಆತಂಕವೇಕೆ? ಏಕೆಂದರೆ ಅದರಲ್ಲಿರುವ ಗೋಥಿಕ್ ಭಾಷೆಯನ್ನು ಇಂದು ಆಡುವವರು ಜಗತ್ತಿನಲ್ಲಿ ಒಬ್ಬರೂ ಇಲ್ಲ. ಒಂದು ಕಾಲಕ್ಕೆ ರೋಮ್ ನಗರವನ್ನೇ ಲೂಟಿ ಮಾಡಿದ, ಇಟಲಿ ಮತ್ತು ಸ್ಪೇನ್‌ಗಳನ್ನು ಆಳಿದ ಜನರ ಭಾಷೆ ಅದು. ಆಳಿದವರ ಭಾಷೆಯೇ ಅಳಿದುಹೋದದ್ದು ಹೇಗೆ? ಗೋಥರ ವಲಸೆಯ ಕಥೆಯಲ್ಲಿ ಇದಕ್ಕೆ ಉತ್ತರವಿದೆ.

ಮೂರು ಹಡಗುಗಳ ಕಥೆ

ಜೋರ್ಡಾನೆಸ್ ಎಂಬ ಲೇಖಕ ಕ್ರಿ.ಶ. 551ರ ಸುಮಾರಿಗೆ ಗೋಥರ ಚರಿತ್ರೆಯನ್ನು ಲ್ಯಾಟಿನ್‌ನಲ್ಲಿ ಬರೆದ. ಬೆರಿಗ್ ಎಂಬ ದೊರೆಯ ಹಿಂದೆ ಗೋಥರು ಸ್ಕ್ಯಾಂಡಿನೇವಿಯಾದಿಂದ ಮೂರೇ ಹಡಗುಗಳಲ್ಲಿ ಬಾಲ್ಟಿಕ್ ಸಮುದ್ರ ದಾಟಿ ಬಂದರು ಎಂಬುದು ಅವನು ಹೇಳುವ ಕಥೆ. ಇಂದಿನ ಇತಿಹಾಸಕಾರರು ಇದನ್ನು ಅಕ್ಷರಶಃ ನಂಬುವುದಿಲ್ಲ. ಆದರೆ ಕ್ರಿಸ್ತಶಕದ ಮೊದಲ ಶತಮಾನದಲ್ಲಿ ಇಂದಿನ ಪೋಲೆಂಡಿನ ವಿಸ್ತುಲಾ ನದಿಯ ಕೆಳದಂಡೆಯಲ್ಲಿ ಗೋಥರು ಇದ್ದರೆಂಬುದನ್ನು ಬಹುತೇಕ ಎಲ್ಲರೂ ಒಪ್ಪುತ್ತಾರೆ. ಅಲ್ಲಿಯ ಸಮಾಧಿಗಳಲ್ಲಿ ಗಂಡಸರ ಜೊತೆ ಆಯುಧಗಳನ್ನು ಹೂಳುವ ಪದ್ಧತಿ ಇರಲಿಲ್ಲ. ಮೂರನೆಯ ಶತಮಾನದ ಹೊತ್ತಿಗೆ ಇದೇ ಬಗೆಯ ಸಮಾಧಿಗಳು ಕಪ್ಪು ಸಮುದ್ರದ ಉತ್ತರಕ್ಕೆ, ಇಂದಿನ ಯುಕ್ರೇನ್, ಮಾಲ್ಡೋವಾ, ರುಮೇನಿಯಾಗಳಲ್ಲಿ ಕಾಣಿಸಿಕೊಳ್ಳುತ್ತವೆ. ಜನ ನಡೆದ ದಾರಿಯನ್ನು ಅವರ ಗೋರಿಗಳೇ ತೋರಿಸುತ್ತವೆ.

ಹೀಗೆ ನಡೆದವರು ಒಂದೇ ರಕ್ತದ ಒಂದೇ ಕುಲದವರಾಗಿರಲಿಲ್ಲ. ದಾರಿಯುದ್ದಕ್ಕೂ ಬೇರೆ ಬೇರೆ ಬುಡಕಟ್ಟುಗಳು ಬಂದು ಸೇರಿಕೊಂಡವು. ಅವರೆಲ್ಲರನ್ನೂ ಒಂದು ಜನಾಂಗವಾಗಿ ಹೆಣೆದದ್ದು ನಾಯಕತ್ವ, ಪದ್ಧತಿ ಮತ್ತು ಆಡುವ ಮಾತು.

ತೋಳದ ಮರಿ ಕೊಟ್ಟ ಲಿಪಿ

ಗೋಥರು ರೋಮನ್ ಸಾಮ್ರಾಜ್ಯದ ಮೇಲೆ ದಾಳಿ ಮಾಡಿದಾಗಲೆಲ್ಲ ಸೆರೆಯಾಳುಗಳನ್ನು ಹಿಡಿದು ತರುತ್ತಿದ್ದರು. ಹಾಗೆ ಇಂದಿನ ಟರ್ಕಿಯ ಕಪಡೋಶಿಯಾ ಪ್ರಾಂತದಿಂದ ತಂದಿದ್ದ ಕ್ರೈಸ್ತ ಕುಟುಂಬವೊಂದರ ವಂಶದಲ್ಲಿ ಕ್ರಿ.ಶ. 311ರ ಸುಮಾರಿಗೆ ಒಬ್ಬ ಹುಡುಗ ಹುಟ್ಟಿದ. ಅವನ ಹೆಸರು ವುಲ್ಫಿಲಾ. ಗೋಥಿಕ್‌ನಲ್ಲಿ 'ವುಲ್ಫ್ಸ್' ಎಂದರೆ ತೋಳ. 'ಇಲಾ' ಎಂಬುದು ಮುದ್ದಿನಿಂದ ಸೇರಿಸುವ ಪ್ರತ್ಯಯ. ಅಂದರೆ 'ತೋಳದ ಮರಿ'. ಗೋಥರಲ್ಲಿ ತಂದೆಯನ್ನು 'ಅತ್ತ' ಎನ್ನುತ್ತಿದ್ದರು. ಹೂಣರ ದೊರೆ ಅಟ್ಟಿಲಾನ ಹೆಸರು ಗೋಥರು ಇಟ್ಟದ್ದೇ, ಅದರ ಅರ್ಥ 'ಪುಟ್ಟಪ್ಪ' ಎಂದೇ ಹಲವು ವಿದ್ವಾಂಸರ ಊಹೆ.

ಕ್ರಿ.ಶ. 341ರ ಸುಮಾರಿಗೆ ಬಿಷಪ್ ಆದ ವುಲ್ಫಿಲಾ, ಕೆಲವು ವರ್ಷಗಳಲ್ಲೇ ತನ್ನ ಜನರೊಡನೆ ಡ್ಯಾನ್ಯೂಬ್ ನದಿ ದಾಟಿ ಇಂದಿನ ಬಲ್ಗೇರಿಯಾದಲ್ಲಿ ನೆಲೆಸಿದ. ಬೈಬಲನ್ನು ಗೋಥಿಕ್‌ಗೆ ಅನುವಾದಿಸಬೇಕೆಂದು ಹೊರಟಾಗ ಬರೆಯಲು ತಕ್ಕ ಲಿಪಿಯೇ ಇರಲಿಲ್ಲ. ಗ್ರೀಕ್ ಲಿಪಿಯನ್ನು ಆಧಾರವಾಗಿಟ್ಟುಕೊಂಡು, ಲ್ಯಾಟಿನ್‌ನಿಂದಲೂ ಜರ್ಮಾನಿಕ್ ಜನರ ರೂನ್ ಗೀರುಗಳಿಂದಲೂ ಬೇಕಾದದ್ದನ್ನು ಆಯ್ದು, 27 ಅಕ್ಷರಗಳ ವರ್ಣಮಾಲೆಯನ್ನು ಅವನು ರೂಪಿಸಿದ. ಬೈಬಲಿನ ಎಲ್ಲ ಭಾಗಗಳನ್ನೂ ಅನುವಾದಿಸಿದರೂ 'ಅರಸರ' ಪುಸ್ತಕಗಳನ್ನು ಮಾತ್ರ ಬಿಟ್ಟನೆಂದು ಫಿಲೊಸ್ಟೋರ್ಜಿಯಸ್ ಎಂಬ ಇತಿಹಾಸಕಾರ ಬರೆದಿದ್ದಾನೆ. ಅವುಗಳಲ್ಲಿ ಯುದ್ಧದ ವರ್ಣನೆಯೇ ಹೆಚ್ಚು. ಮೊದಲೇ ಕಾಳಗಪ್ರಿಯರಾದ ಗೋಥರಿಗೆ ಅದು ಬೇಡವೆಂಬುದು ಅವನ ಎಣಿಕೆಯಂತೆ!

ಡ್ಯಾನ್ಯೂಬ್ ದಂಡೆಯ ನಿರಾಶ್ರಿತರು

ಕ್ರಿ.ಶ. 376ರಲ್ಲಿ ಗೋಥರ ಹಣೆಬರಹವೇ ಬದಲಾಯಿತು. ಪೂರ್ವದಿಂದ ಹೂಣರು ನುಗ್ಗಿ ಬಂದಾಗ ಸಾವಿರಾರು ಗೋಥರು ಮಡದಿ ಮಕ್ಕಳೊಡನೆ ಡ್ಯಾನ್ಯೂಬ್ ದಂಡೆಗೆ ಬಂದು ಆಶ್ರಯ ಬೇಡಿದರು. ಚಕ್ರವರ್ತಿ ವೇಲೆನ್ಸ್ ಅನುಮತಿ ನೀಡಿದ. ಆದರೆ ಗಡಿಯ ರೋಮನ್ ಅಧಿಕಾರಿಗಳು ಹಸಿದವರ ಆಹಾರದಲ್ಲೇ ಲಾಭ ಹೊಡೆಯಲು ನಿಂತರು. ನಾಯಿಯ ಮಾಂಸ ಕೊಟ್ಟು, ಅದಕ್ಕೆ ಬದಲಾಗಿ ಗೋಥರ ಮಕ್ಕಳನ್ನು ಗುಲಾಮರನ್ನಾಗಿ ಪಡೆದರೆಂದು ರೋಮನ್ ಇತಿಹಾಸಕಾರ ಅಮ್ಮಿಯಾನಸ್ ತನ್ನವರ ಬಗ್ಗೆಯೇ ನಾಚಿಕೆಯಿಂದ ದಾಖಲಿಸಿದ್ದಾನೆ.

ಅನ್ನ ಕೇಳಿ ಬಂದವರು ಕತ್ತಿ ಹಿಡಿದರು. 378ರ ಆಗಸ್ಟ್ 9ರಂದು, ಇಂದಿನ ಟರ್ಕಿಯ ಎಡಿರ್ನೆ ಬಳಿ ನಡೆದ ಆಡ್ರಿಯಾನೋಪಲ್ ಕದನದಲ್ಲಿ ಚಕ್ರವರ್ತಿಯೇ ಮಡಿದ. ಅವನ ಸೈನ್ಯದಲ್ಲಿ ಉಳಿದದ್ದು ಮೂರನೆಯ ಒಂದು ಭಾಗ ಮಾತ್ರ. 382ರಲ್ಲಿ ಒಪ್ಪಂದವಾಗಿ ಗೋಥರಿಗೆ ನೆಲೆ ಸಿಕ್ಕಿತಾದರೂ ಆ ಗಾಯ ಮಾಯಲಿಲ್ಲ. 408ರಲ್ಲಿ ಗೋಥರ ದೊರೆ ಅಲಾರಿಕ್ ರೋಮ್ ನಗರಕ್ಕೆ ಮುತ್ತಿಗೆ ಹಾಕಿದ. ಬಿಟ್ಟುಹೋಗಲು ಅವನಿಗೆ ತೆತ್ತ ಕಪ್ಪದಲ್ಲಿ ಚಿನ್ನ, ಬೆಳ್ಳಿ, ರೇಷ್ಮೆಗಳ ಜೊತೆ 3000 ರೋಮನ್ ಪೌಂಡ್, ಅಂದರೆ ಹತ್ತಿರ ಹತ್ತಿರ ಒಂದು ಟನ್ ಮೆಣಸೂ ಇತ್ತು. ಭಾರತದ ಪಶ್ಚಿಮ ಕರಾವಳಿಯಿಂದ ಹಡಗೇರಿ ಹೋಗುತ್ತಿದ್ದ ಕಾಳುಮೆಣಸು ಗೋಥರ ಗುಡಾರಗಳವರೆಗೆ ಮುಟ್ಟಿದ್ದು ಹೀಗೆ. 410ರ ಆಗಸ್ಟ್ 24ರಂದು ರೋಮ್ ಅವನ ವಶವಾಯಿತು. ಎಂಟು ಶತಮಾನಗಳ ನಂತರ ಪರರ ಸೈನ್ಯ ಆ ನಗರದೊಳಗೆ ಕಾಲಿಟ್ಟಿತ್ತು.

ಶರಾಯಿಗೂ ನಿಷೇಧ!

ವಲಸೆ ಬಂದವರ ಜೊತೆ ಅವರ ಉಡುಗೆ ತೊಡುಗೆಯೂ ಬಂದಿತು. ರೋಮನ್ನರದು ಮೈಮೇಲೆ ಹೊದೆಯುವ, ಇಳಿಬಿಡುವ ಉಡುಪು. ಗೋಥರೂ ಇತರ ಉತ್ತರದ ಜನರೂ ತೊಡುತ್ತಿದ್ದುದು ಶರಾಯಿ, ಎತ್ತರದ ಪಾದರಕ್ಷೆ, ತುಪ್ಪಳದ ಮೇಲಂಗಿ. ರೋಮಿನ ಯುವಕರಿಗೆ ಇದೇ ಹೊಸ ಫ್ಯಾಷನ್ ಆಯಿತು. ಹಿರಿಯರಿಗೆ ಹೇಗೆ ಸಹಿಸೀತು? ನಾಲ್ಕನೆಯ ಶತಮಾನದ ಕೊನೆಯ ವರ್ಷಗಳಲ್ಲಿ ರೋಮ್ ನಗರದೊಳಗೆ ಶರಾಯಿ ತೊಡುವುದನ್ನು ಕಾನೂನಿನಿಂದಲೇ ನಿಷೇಧಿಸಲಾಯಿತು. 416ರಲ್ಲಿ ಉದ್ದಗೂದಲು ಮತ್ತು ತುಪ್ಪಳದ ಅಂಗಿಗೂ ಅದೇ ಗತಿ. ಕಾನೂನು ಮರೆತುಹೋಯಿತು, ಶರಾಯಿ ಮಾತ್ರ ಉಳಿಯಿತು!

ಶಾಲೆಗೆ ಹೋದ ರಾಜಕುಮಾರ

ಗೋಥರಲ್ಲಿ ಎರಡು ದೊಡ್ಡ ಶಾಖೆಗಳಾದವು. ವಿಸಿಗೋಥರು ಫ್ರಾನ್ಸಿನ ದಕ್ಷಿಣಕ್ಕೂ ಅಲ್ಲಿಂದ ಸ್ಪೇನಿಗೂ ಹೋದರು. ಆಸ್ಟ್ರೊಗೋಥರು ಥಿಯೊಡೊರಿಕ್‌ನ ನಾಯಕತ್ವದಲ್ಲಿ 493ರಲ್ಲಿ ಇಟಲಿಯ ಒಡೆಯರಾದರು. ರವೆನ್ನಾ ಅವರ ರಾಜಧಾನಿ. ಬೆಳ್ಳಿಯ ಗ್ರಂಥ ಸಿದ್ಧವಾದದ್ದೂ ಇಲ್ಲಿಯೇ ಎಂದು ವಿದ್ವಾಂಸರು ನಂಬುತ್ತಾರೆ.

ಥಿಯೊಡೊರಿಕ್ ಕೆಲಸ ಹಂಚಿದ: ಸೈನ್ಯ ಗೋಥರಿಗೆ, ಆಡಳಿತ ರೋಮನ್ನರಿಗೆ. ಹೀಗಾಗಿ ಕಡತ, ಕಂದಾಯ, ನ್ಯಾಯ ಎಲ್ಲವೂ ಲ್ಯಾಟಿನ್‌ನಲ್ಲೇ ನಡೆದವು. ಬಡ ರೋಮನ್ನನು ಗೋಥನಂತೆ ನಡೆಯಲು ಹವಣಿಸಿದರೆ, ಹಣವಂತ ಗೋಥ ರೋಮನ್ನನಂತೆ ಮೆರೆಯಲು ಬಯಸುತ್ತಾನೆ ಎಂಬ ಅರ್ಥದ ಮಾತೊಂದು ಅವನ ಹೆಸರಿನಲ್ಲಿದೆ.

526ರಲ್ಲಿ ಅವನು ತೀರಿಕೊಂಡಾಗ ಪಟ್ಟಕ್ಕೆ ಬಂದವನು ಇನ್ನೂ ಬಾಲಕನಾಗಿದ್ದ ಮೊಮ್ಮಗ ಅಥಲಾರಿಕ್. ವಿದ್ಯಾವಂತೆಯಾದ ತಾಯಿ ಅಮಲಸುಂತಾ ಅವನನ್ನು ಲ್ಯಾಟಿನ್ ಶಾಲೆಗೆ ಕಳಿಸಿ, ಮೂವರು ಗೋಥ್ ವೃದ್ಧರನ್ನು ಜೊತೆಗಿಟ್ಟಳು. ಒಮ್ಮೆ ತಪ್ಪು ಮಾಡಿದ ಹುಡುಗನಿಗೆ ತಾಯಿ ಏಟು ಕೊಟ್ಟಾಗ ಅವನು ಅಳುತ್ತ ಹೊರಬಂದ. ಗೋಥ್ ಸರದಾರರಿಗೆ ಅಷ್ಟೇ ನೆಪ ಸಾಕಾಯಿತು. ಮೇಷ್ಟರ ಬೆತ್ತಕ್ಕೆ ಹೆದರಿ ಬೆಳೆದವನು ನಾಳೆ ಕತ್ತಿಗೆ ಎದೆಯೊಡ್ಡಲಾರ, ಥಿಯೊಡೊರಿಕ್ ಕೂಡ ನಮ್ಮ ಮಕ್ಕಳನ್ನು ಶಾಲೆಗೆ ಕಳಿಸಗೊಟ್ಟಿರಲಿಲ್ಲ ಎಂದು ಅವರು ವಾದಿಸಿದರೆಂದು ಪ್ರೊಕೋಪಿಯಸ್ ಬರೆಯುತ್ತಾನೆ. ತಾಯಿ ಮಣಿಯಬೇಕಾಯಿತು. ಪುಸ್ತಕ ಬಿಟ್ಟು ಓರಗೆಯವರ ಸಂಗಕ್ಕೆ ಬಿದ್ದ ಹುಡುಗ ಕುಡಿತಕ್ಕೆ ದಾಸನಾಗಿ, ಹದಿಹರೆಯ ದಾಟುವ ಮೊದಲೇ 534ರಲ್ಲಿ ಸತ್ತ.

ಇದನ್ನು ಓದು ಬೇಕೋ ಬೇಡವೋ ಎಂಬ ಜಗಳವೆಂದಷ್ಟೇ ತಿಳಿಯಬಾರದು. ಗೋಥರ ಕೈಯಲ್ಲಿ ಲಿಪಿ ಇತ್ತು, ಗ್ರಂಥವಿತ್ತು. ಅದನ್ನು ಮಕ್ಕಳಿಗೆ ಕಲಿಸುವ ತಮ್ಮದೇ ಶಾಲೆ ಇರಲಿಲ್ಲ. ಓದಬೇಕಾದರೆ ಲ್ಯಾಟಿನ್, ಇಲ್ಲವಾದರೆ ಬರೀ ಕತ್ತಿ. ನಡುವಿನ ದಾರಿಯನ್ನು ಯಾರೂ ಹುಡುಕಲಿಲ್ಲ. 551ರಲ್ಲಿ ರವೆನ್ನಾದ ಗೋಥ್ ಚರ್ಚಿನವರು ಸಾಲ ತೀರಿಸಲು ಜೌಗುಭೂಮಿ ಮಾರಿದ ಕ್ರಯಪತ್ರವೊಂದು ಸಿಕ್ಕಿದೆ. ಪತ್ರವೆಲ್ಲ ಲ್ಯಾಟಿನ್‌ನಲ್ಲಿ, ಗೋಥಿಕ್‌ನಲ್ಲಿ ಸಹಿ ಹಾಕಿದವರು ನಾಲ್ವರು ಮಾತ್ರ. ಅದಾಗಿ ಒಂದೆರಡು ವರ್ಷಗಳಲ್ಲಿ ಬೈಜಾಂಟಿಯಂ ಸೈನ್ಯದೆದುರು ಆಸ್ಟ್ರೊಗೋಥ್ ರಾಜ್ಯವೇ ಮುಗಿದುಹೋಯಿತು.

ಸ್ಪೇನಿನಲ್ಲಿ ಉಳಿದದ್ದೇನು?

ಸ್ಪೇನಿನ ವಿಸಿಗೋಥರು 711ರಲ್ಲಿ ಅರಬರ ದಾಳಿಯಾಗುವವರೆಗೆ ಆಳಿದರು. ಆದರೆ ಅಲ್ಲಿನ ಪ್ರಜೆಗಳ ಮುಂದೆ ಅವರ ಸಂಖ್ಯೆ ತೀರ ಚಿಕ್ಕದು. ಗೋಥಿಕ್ ಭಾಷೆಗೆ ಆಸರೆಯಾಗಿದ್ದದ್ದು ಅವರ ಏರಿಯನ್ ಪಂಥದ ಚರ್ಚು. 589ರಲ್ಲಿ ದೊರೆ ರೆಕಾರೆಡ್ ಟೊಲೆಡೊ ಸಭೆಯಲ್ಲಿ ತನ್ನ ಜನರೊಡನೆ ಕ್ಯಾಥೊಲಿಕ್ ಪಂಥವನ್ನು ಸ್ವೀಕರಿಸಿದ. ಪ್ರಾರ್ಥನೆ ಲ್ಯಾಟಿನ್‌ಗೆ ತಿರುಗಿತು. ಗೋಥಿಕ್‌ನ ಕೊನೆಯ ಆಸರೆಯೂ ಕಳಚಿತು.

ಭಾಷೆ ಹೋದರೂ ಕಟ್ಟಳೆಗಳು ಉಳಿದವು. 654ರ ವಿಸಿಗೋಥ್ ಕಾನೂನು ಸಂಹಿತೆ ಗೋಥರಿಗೂ ರೋಮನ್ನರಿಗೂ ಒಂದೇ ನ್ಯಾಯವೆಂದು ಸಾರಿತು. ತಂದೆತಾಯಿಯ ಆಸ್ತಿಯಲ್ಲಿ ಹೆಣ್ಣುಮಕ್ಕಳಿಗೂ ಸಮಪಾಲು ಎಂದು ಅದರಲ್ಲಿ ಬರೆದಿತ್ತು. ಮದುವೆಯಲ್ಲಿ ವರನೇ ವಧುವಿಗೆ ಆಸ್ತಿ ಕೊಡಬೇಕಿತ್ತು. ಅದು ಅವನ ಸ್ವತ್ತಿನ ಹತ್ತನೆಯ ಒಂದು ಭಾಗ ಮೀರಬಾರದೆಂಬ ಮಿತಿಯೂ ಇತ್ತು. ಹದಿಮೂರನೆಯ ಶತಮಾನದಲ್ಲಿ ಸ್ಪ್ಯಾನಿಷ್ ನುಡಿಗೆ ಅನುವಾದಗೊಂಡ ಈ ಸಂಹಿತೆ ಅನೇಕ ಶತಮಾನ ಬಳಕೆಯಲ್ಲಿತ್ತು.

ಹೆಸರುಗಳೂ ಉಳಿದವು. ರೊಡ್ರಿಗೊ, ಫರ್ನಾಂಡೊ, ಅಲ್ಫೊನ್ಸೊ, ಅಲ್ವಾರೊ ಮುಂತಾದವುಗಳ ಬೇರು ಗೋಥರಲ್ಲಿದೆ. ಸ್ಪ್ಯಾನಿಷ್‌ನ 'ರೋಪಾ' (ಬಟ್ಟೆ), 'ಗಾನ್ಸೊ' (ಹೆಬ್ಬಾತು) ಶಬ್ದಗಳೂ ಅವರ ಕೊಡುಗೆಯೇ.

ಪೂರ್ವದ ಕಡೆ ಪದಗಳ ಪಯಣ ಇನ್ನೂ ಸ್ವಾರಸ್ಯಕರ. ಲ್ಯಾಟಿನ್‌ನಲ್ಲಿ 'ಕೌಪೊ' ಎಂದರೆ ಚಿಲ್ಲರೆ ವ್ಯಾಪಾರಿ. ಅದರಿಂದ ಗೋಥಿಕ್‌ನಲ್ಲಿ 'ಕೌಪೋನ್', ಅಂದರೆ ವ್ಯಾಪಾರ ಮಾಡು. ಗೋಥರಿಂದಲೋ ಅವರ ನೆರೆಯ ಜರ್ಮಾನಿಕ್ ಜನರಿಂದಲೋ ಸ್ಲಾವರು ಕಲಿತ ಆ ಮಾತು ರಷ್ಯನ್‌ನಲ್ಲಿ 'ಕುಪಿತ್' (ಕೊಳ್ಳು) ಆಗಿ ಇಂದಿಗೂ ಬದುಕಿದೆ. ರಷ್ಯನ್ನರು ರೊಟ್ಟಿಗೆ ಹೇಳುವ 'ಖ್ಲೆಬ್' ಗೋಥರ 'ಹ್ಲೈಫ್ಸ್'ನ ಮರಿ. ಗ್ರೀಕರ 'ಎಲಿಫಾಸ್' ಎಂದರೆ ಆನೆ. ಅದು ಗೋಥರಲ್ಲಿಗೆ ಬರುವಾಗ 'ಉಲ್ಬಂದುಸ್' ಆಗಿ ಒಂಟೆಗೆ ಹೆಸರಾಯಿತು! ರಷ್ಯನ್ನರು ಒಂಟೆಗೆ 'ವೆರ್ಬ್ಲ್ಯೂದ್' ಎನ್ನುವುದು ಅದರಿಂದಲೇ.

ಗೋಥರಿಲ್ಲದ ಗೋಥಿಕ್

ಮೈಸೂರಿನ ಸಂತ ಫಿಲೋಮಿನಾ ಚರ್ಚನ್ನು ನೋಡಿದವರು ಅದು 'ಗೋಥಿಕ್ ಶೈಲಿ'ಯದೆಂದು ಕೇಳಿರುತ್ತಾರೆ. 1933ರಲ್ಲಿ ಅದರ ಕೆಲಸ ಆರಂಭವಾಯಿತು. ಆದರೆ ಚೂಪು ಕಮಾನಿನ ಈ ಶೈಲಿ ಹುಟ್ಟಿದ್ದು ಹನ್ನೆರಡನೆಯ ಶತಮಾನದ ಫ್ರಾನ್ಸಿನಲ್ಲಿ. ಆಗ ಗೋಥ್ ರಾಜ್ಯಗಳು ಅಳಿದು ನಾಲ್ಕು ಶತಮಾನಗಳೇ ಕಳೆದಿದ್ದವು. ಹದಿನಾರನೆಯ ಶತಮಾನದಲ್ಲಿ ಇಟಲಿಯ ವಸಾರಿ ಮುಂತಾದವರು ಈ ಶೈಲಿಯನ್ನು ಹೀಗಳೆಯಲು 'ಇದು ಗೋಥರ ಕೆಲಸ' ಎಂದರು. ರೋಮನ್ನು ಕೆಡವಿದವರೆಂಬ ಸಿಟ್ಟು ಸಾವಿರ ವರ್ಷವಾದರೂ ಆರಿರಲಿಲ್ಲ. ಬೈಗುಳವೇ ಮುಂದೆ ಬಿರುದಾಯಿತು.

ಇತ್ತ ಗೋಥರ ಕೀರ್ತಿಗೆ ಹಕ್ಕುದಾರರೂ ಕಡಿಮೆಯಿರಲಿಲ್ಲ. 1434ರಲ್ಲಿ ಬಾಸೆಲ್ ಧರ್ಮಸಭೆಯಲ್ಲಿ ಸ್ವೀಡನ್ನಿನ ಬಿಷಪ್ ನಿಕೊಲಾಸ್ ರಾಗ್ವಾಲ್ಡಿ, ತಾವು ಗೋಥರ ಮೂಲದವರಾದ್ದರಿಂದ ತಮಗೆ ಮೇಲಿನ ಆಸನ ಬೇಕೆಂದು ವಾದಿಸಿದರಂತೆ. ಧೀರ ಗೋಥರು ಹೊರಟು ನಮ್ಮ ದೇಶಕ್ಕೆ ಬಂದರು, ಸೋಮಾರಿಗಳಷ್ಟೇ ನಿಮ್ಮಲ್ಲಿ ಉಳಿದರು ಎಂದು ಸ್ಪೇನಿನವರು ಉತ್ತರ ಕೊಟ್ಟರಂತೆ!

ಕೊನೆಯ ಎಂಬತ್ತು ಮಾತುಗಳು

ಗೋಥಿಕ್ ಬಹಳ ಕಾಲ ಉಳಿದದ್ದು ರಾಜಧಾನಿಗಳಲ್ಲಿ ಅಲ್ಲ, ವಲಸೆಯಲ್ಲಿ ಹಿಂದೆ ಉಳಿದವರ ಬಾಯಲ್ಲಿ. ಕಪ್ಪು ಸಮುದ್ರದ ಕ್ರಿಮಿಯಾದ ಬೆಟ್ಟಗಳಲ್ಲಿ ಸಣ್ಣದೊಂದು ಗೋಥ್ ಸಮುದಾಯ ತನ್ನ ನುಡಿಯನ್ನು ಬಿಡದೆ ಆಡಿಕೊಂಡಿತ್ತು. ಅಲ್ಲಿಯ ಮಂಗುಪ್ ಕೋಟೆಯಲ್ಲಿ ಸಿಕ್ಕಿದ್ದ ಕಲ್ಲಿನ ಮೇಲೆ ಒಂಬತ್ತನೆಯ ಶತಮಾನದ ಗೋಥಿಕ್ ಗೀರುಬರಹಗಳಿರುವುದನ್ನು ವಿದ್ವಾಂಸರು 2015ರಲ್ಲಿ ಪ್ರಕಟಿಸಿದರು. ಹದಿನಾರನೆಯ ಶತಮಾನದಲ್ಲಿ ಕಾನ್‌ಸ್ಟಾಂಟಿನೋಪಲ್‌ನಲ್ಲಿ ರಾಯಭಾರಿಯಾಗಿದ್ದ ಬುಸ್ಬೆಕ್ ಎಂಬಾತ ಕ್ರಿಮಿಯಾದಿಂದ ಬಂದ ಇಬ್ಬರನ್ನು ಭೇಟಿಯಾಗಿ ಸುಮಾರು ಎಂಬತ್ತು ಶಬ್ದಗಳನ್ನು ಬರೆದುಕೊಂಡ: ಮನೆಗೆ 'ಹುಸ್', ಮಳೆಗೆ 'ರೇಗೆನ್', ಕೈಗೆ 'ಹಂದಾ'... ಆ ಬಳಿಕ ಅಲ್ಲಿಯೂ ಮೌನ.

ಈ ಮೌನವನ್ನು ಮುರಿಯುವುದರಲ್ಲಿ ಭಾರತಕ್ಕೂ ಒಂದು ಪಾಲಿದೆ. 1786ರಲ್ಲಿ ಕಲ್ಕತ್ತದ ಏಷ್ಯಾಟಿಕ್ ಸೊಸೈಟಿಯಲ್ಲಿ ಮಾತನಾಡಿದ ವಿಲಿಯಂ ಜೋನ್ಸ್, ಸಂಸ್ಕೃತ, ಗ್ರೀಕ್, ಲ್ಯಾಟಿನ್‌ಗಳ ಜೊತೆ ಗೋಥಿಕ್ ಕೂಡ ಒಂದೇ ಮೂಲದಿಂದ ಬಂದಿರಬಹುದೆಂದು ಸೂಚಿಸಿದ. ಕನ್ನಡ ಬೇರೆ ಕುಟುಂಬದ ಭಾಷೆಯಾದರೂ ಸಂಸ್ಕೃತದ ಪದಗಳು ನಮಗೆ ಪರಿಚಿತ. ಗೋಥಿಕ್‌ನಲ್ಲಿ ಮಗ 'ಸುನುಸ್', ಸಂಸ್ಕೃತದಲ್ಲಿ 'ಸೂನು'. ಅಲ್ಲಿ 'ಬ್ರೋಥರ್', ಇಲ್ಲಿ 'ಭ್ರಾತೃ'. ಅಲ್ಲಿ 'ವಿದುವೊ', ಇಲ್ಲಿ 'ವಿಧವೆ'. ನೊಗಕ್ಕೆ ಅಲ್ಲಿ 'ಯುಕ್', ಇಲ್ಲಿ 'ಯುಗ'. ಸಂಸ್ಕೃತದಲ್ಲಿರುವಂತೆ ದ್ವಿವಚನವೂ ಗೋಥಿಕ್‌ನಲ್ಲಿತ್ತು. ಇಂಗ್ಲಿಷ್, ಜರ್ಮನ್ ಸೇರಿದ ಭಾಷಾ ಗುಂಪಿನಲ್ಲಿ ವಿಸ್ತಾರವಾದ ಬರಹ ದೊರೆಯುವ ಅತಿ ಹಳೆಯ ಭಾಷೆ ಇದೇ ಆದ್ದರಿಂದ ಇಂಥ ಹೋಲಿಕೆಗಳಿಗೆ ಬೆಳ್ಳಿಯ ಗ್ರಂಥ ಇಲ್ಲದೆ ನಡೆಯದು.

ಆ ಗ್ರಂಥದಲ್ಲಿ ಮೊದಲು ಇದ್ದದ್ದು ಸುಮಾರು 336 ಹಾಳೆ. ಉಳಿದದ್ದು 188, ಅದರಲ್ಲಿ ಒಂದು ಹಾಳೆ 1970ರಲ್ಲಿ ಜರ್ಮನಿಯ ಸ್ಪೈಯರ್ ಪಟ್ಟಣದ ಕ್ಯಾಥೀಡ್ರಲ್‌ನಲ್ಲಿ ಸಿಕ್ಕಿತು. 2011ರಲ್ಲಿ ಯುನೆಸ್ಕೊ ಇದನ್ನು ವಿಶ್ವ ಸ್ಮರಣೆಯ ಪಟ್ಟಿಗೆ ಸೇರಿಸಿತು. ರೋಮನ್ನು ಗೆದ್ದ ಅಲಾರಿಕ್‌ನ ಗೋರಿ ಎಲ್ಲಿದೆಯೆಂದು ಯಾರಿಗೂ ಗೊತ್ತಿಲ್ಲ. ಇಟಲಿಯನ್ನು ಆಳಿದ ಥಿಯೊಡೊರಿಕ್‌ನ ವಂಶವೂ ಉಳಿಯಲಿಲ್ಲ. ಸೆರೆಯಾಳುಗಳ ಕುಲದಲ್ಲಿ ಹುಟ್ಟಿ, ಕುಳಿತು 27 ಅಕ್ಷರ ಹೊಂದಿಸಿದ 'ತೋಳದ ಮರಿ'ಯ ಕೆಲಸದಿಂದಲೇ ಗೋಥರ ಮಾತು ಇಂದಿಗೂ ಓದಲು ಸಿಗುತ್ತಿದೆ.